ನಾಲ್ಕು ಗಾಲಿಯ ಸಂಸಾರ

ಮನೆಗೆ ಹೊಸ ಸೊಸೆ ಬಂದಾಗಲೂ ಹೊಸ ಮೋಟಾರು ಬಂದಾಗಲೂ ಯಜಮಾನನ ನಡಿಗೆಯಲ್ಲಿ ಒಂದು ಬಗೆಯ ಗಾಂಭೀರ್ಯ ಕಾಣಿಸಿಕೊಳ್ಳುವುದು ಸಹಜ. ಬಂದದ್ದು ಹಳೆಯ ಮೋಟಾರಾದರೂ ಗಾಂಭೀರ್ಯಕ್ಕೆ ಕೊರತೆಯಿಲ್ಲ. ಚನ್ನಗಿರಿಯ ನಿವೃತ್ತ ಮುಖ್ಯೋಪಾಧ್ಯಾಯರೊಬ್ಬರ ಮನೆಯಂಗಳಕ್ಕೆ ಅಂಥದೊಂದು ವಾಹನ ಬಂದು ನಿಂತ ದಿನ, ಅವರು ಹೆಗಲ ಮೇಲಿನ ವಸ್ತ್ರವನ್ನು ಮೂರು ಬಾರಿ ಸರಿಪಡಿಸಿಕೊಂಡರಂತೆ. ಬೆಂಗಳೂರಿನಲ್ಲಿ ಉದ್ಯೋಗದಲ್ಲಿರುವ ಮಗ, ಯಾರೋ ನಾಲ್ಕಾರು ವರ್ಷ ಓಡಿಸಿದ್ದ ಗಾಡಿಯನ್ನು ಕೊಂಡು ತಂದು, “ಅಪ್ಪಾ, ಇದು ಬರಿಯ ಕಾರಲ್ಲ, ಕ್ರಾಸೋವರ್. ನಾಲ್ಕು ಗಾಲಿಗೂ ಎಂಜಿನಿನ ಬಲ ಹೋಗುತ್ತದೆ. ತೋಟದ ಕೆಸರಿಗೂ ಆಗುತ್ತದೆ, ಅಕ್ಕನ ಊರಿನ ಎರೆಮಣ್ಣಿಗೂ ಆಗುತ್ತದೆ” ಎಂದು ಹೇಳಿ, ಬೀಗದ ಕೈಯನ್ನು ತಂದೆಯ ಅಂಗೈಯಲ್ಲಿಟ್ಟು ರಾತ್ರಿಯ ಬಸ್ಸಿಗೆ ಹೊರಟುಹೋದ.

ಅಕ್ಕನ ಊರೆಂದರೆ ಜಗಳೂರಿನಾಚೆಯ ಒಂದು ಹಳ್ಳಿ. ಮೇಷ್ಟ್ರ ಮಗಳನ್ನು ಅಲ್ಲಿಗೆ ಕೊಟ್ಟಿದ್ದಿತು. ಹೊನ್ನಾಳಿಯಲ್ಲಿ ಮಗನ ಬೀಗರು, ನ್ಯಾಮತಿಯಲ್ಲಿ ಮಡದಿಯ ತವರು. ಹೀಗೆ ನಾಲ್ಕು ಊರುಗಳಲ್ಲಿ ಹರಡಿಕೊಂಡ ಸಂಸಾರ ಅವರದು. ನಾಲ್ಕೂ ಒಂದೇ ಜಿಲ್ಲೆಗೆ ಸೇರಿದವು ನಿಜ. ಆದರೆ ಆ ಜಿಲ್ಲೆಯಾದರೂ ಒಂದು ಕೂಡುಕುಟುಂಬ. 1997ರಲ್ಲಿ ದಾವಣಗೆರೆ ಜಿಲ್ಲೆಯಾದಾಗ ಚನ್ನಗಿರಿ, ಹೊನ್ನಾಳಿಗಳು ಶಿವಮೊಗ್ಗದಿಂದ ಬಂದವು. ಜಗಳೂರು ಚಿತ್ರದುರ್ಗದಿಂದ ಬಂದಿತು. ನ್ಯಾಮತಿಯು ಅನಂತರ ಹೊನ್ನಾಳಿಯಿಂದ ಬೇರೆಯಾಗಿ ತಾನೂ ತಾಲ್ಲೂಕಾಯಿತು. ಒಂದೊಂದರ ನೆಲವೂ ಒಂದೊಂದು ಬಗೆ. ಚನ್ನಗಿರಿಯಲ್ಲಿ ಅಡಿಕೆಯ ನೆರಳು, ಸೂಳೆಕೆರೆಯ ನೀರು. ಹೊನ್ನಾಳಿಯಲ್ಲಿ ತುಂಗಭದ್ರೆಯ ದಂಡೆಯ ಗದ್ದೆ. ನ್ಯಾಮತಿಯ ಕಡೆ ಮಲೆನಾಡಿನ ಸೆರಗು ಆಗಲೇ ಕಣ್ಣಿಗೆ ಬೀಳುತ್ತದೆ. ಜಗಳೂರಾದರೋ ಮಳೆಗಾಗಿ ಮುಗಿಲು ನೋಡುವ ಸೀಮೆ. ಕೊಂಡುಕುರಿಗಳಿಗೆ ಆಶ್ರಯವಾದ ರಂಗಯ್ಯನದುರ್ಗದ ಕಾಡು ಇರುವುದು ಅಲ್ಲಿಯೇ. ಮಳೆ ಬಾರದಿದ್ದರೆ ಅಲ್ಲಿ ಧೂಳು. ಬಂದರೆ ಎರೆಮಣ್ಣು ಚಕ್ರಕ್ಕೆ ಹಿಟ್ಟಿನಂತೆ ಮೆತ್ತಿಕೊಂಡು ಎತ್ತಿನ ಗಾಡಿಯನ್ನೂ ಬಿಡದು.

ಆ ಮಗಳಿಗೆ ಚೊಚ್ಚಲ ಬಸಿರು, ಏಳನೆಯ ತಿಂಗಳು. ಗೌರಿ ಹಬ್ಬಕ್ಕೆ ಅವಳನ್ನು ತವರಿಗೆ ಕರೆತಂದು ಬಾಣಂತನ ಮುಗಿಸಿಯೇ ಕಳುಹಿಸಬೇಕೆಂದು ತಾಯಿ ನಿಶ್ಚಯಿಸಿದ್ದರು. ಬಾಣಂತನದ ಖರ್ಚಿಗೆಂದು ಅಡಿಕೆ ಮಾರಿದ ಹಣವೂ ಬ್ಯಾಂಕಿನಲ್ಲಿ ಬೇರೆಯಾಗಿಯೇ ಇದ್ದಿತು. ಎಲ್ಲವೂ ಸರಿಯಾಗಿದ್ದಾಗ, ಹಬ್ಬಕ್ಕೆ ಇನ್ನು ಮೂರು ವಾರವಿರುವಂತೆ, ಗಾಡಿಯ ಮುಂಫಲಕದಲ್ಲಿ ಒಂದು ಹಳದಿ ದೀಪ ಹೊತ್ತಿಕೊಂಡಿತು.

ದೀಪವೆಂದರೆ ನಮ್ಮಲ್ಲಿ ಶುಭಸೂಚಕ. ಮೋಟಾರಿನಲ್ಲಿ ಹಾಗಲ್ಲ. ಕೈಪಿಡಿಯನ್ನು ತೆರೆದು ನೋಡಿದರೆ, ನಾಲ್ಕು ಗಾಲಿಯ ವ್ಯವಸ್ಥೆಯಲ್ಲಿ ದೋಷವುಂಟಾಗಿದೆ, ಪರಿಣತರಲ್ಲಿ ತೋರಿಸತಕ್ಕದ್ದು ಎಂದಿತ್ತು. ಮೇಷ್ಟ್ರು ನಗರದ ಒಂದು ದೊಡ್ಡ ಕಾರ್ಖಾನೆಗೆ ಒಯ್ದು ತೋರಿಸಿದರು. ಅಲ್ಲಿನ ತರುಣನು ಸ್ಟಿಯರಿಂಗಿನ ಕೆಳಗೆ ಒಂದು ಯಂತ್ರವನ್ನು ಚುಚ್ಚಿ, ತೆರೆಯ ಮೇಲೆ ಬಂದ ಸಂಕೇತವನ್ನು ಓದಿ, “ಹಿಂದಿನ ಕಪ್ಲಿಂಗ್ ಬದಲಾಯಿಸಬೇಕು ಸಾರ್, ಒಂದು ಲಕ್ಷದ ಮೇಲಾಗುತ್ತದೆ, ಸಾಮಾನು ಬರಲು ತಿಂಗಳಾಗಬಹುದು” ಎಂದನು. ಅಷ್ಟು ಹೇಳಲು ಅವನಿಗೆ ಹಿಡಿದದ್ದು ಹತ್ತು ನಿಮಿಷ. ಬಾಣಂತನಕ್ಕೆಂದು ಇಟ್ಟಿದ್ದ ಹಣವೂ ಹೆಚ್ಚುಕಡಿಮೆ ಅಷ್ಟೇ ಇದ್ದಿತು.

ಇಲ್ಲಿ ಕಪ್ಲಿಂಗ್ ಎಂದರೇನು ಎಂಬುದನ್ನು ಹೇಳದೆ ಮುಂದುವರಿಯುವಂತಿಲ್ಲ. ನಾಲ್ಕು ಗಾಲಿಗೂ ಬಲ ಕೊಡುವ ವಾಹನವೆಂದರೆ ನಮ್ಮ ಜನಕ್ಕೆ ಮೊದಲು ನೆನಪಾಗುವುದು ಜೀಪು. ಎರಡನೆಯ ಮಹಾಯುದ್ಧಕ್ಕಾಗಿ ಅಮೆರಿಕದ ವಿಲ್ಲೀಸ್ ಕಂಪನಿಯವರು 1941ರಿಂದ ಅದನ್ನು ರಾಶಿರಾಶಿಯಾಗಿ ತಯಾರಿಸಿದರು. ಸ್ವಾತಂತ್ರ್ಯ ಬಂದ 1947ರಲ್ಲಿಯೇ ಮಹೀಂದ್ರದವರು ಅದನ್ನು ಭಾರತದಲ್ಲಿ ಜೋಡಿಸಲು ತೊಡಗಿದರು. ಅದರಲ್ಲಿ ಎಲ್ಲವೂ ಕೈಕೆಲಸ. ಕೆಸರು ಬಂದರೆ ಡ್ರೈವರನೇ ಸನ್ನೆಯನ್ನೆಳೆದು ಮುಂದಿನ ಗಾಲಿಗಳನ್ನೂ ದುಡಿಮೆಗೆ ಹಚ್ಚಬೇಕು. ಗಟ್ಟಿ ನೆಲ ಬಂದರೆ ಬಿಡಿಸಬೇಕು. ಅನಂತರ ಜಪಾನಿನ ಸುಬಾರು 1972ರಲ್ಲಿಯೂ ಜರ್ಮನಿಯ ಔಡಿ 1980ರಲ್ಲಿಯೂ ಸಾಮಾನ್ಯ ಕಾರಿಗೇ ಈ ಗುಣವನ್ನು ತಂದವು. 1994ರಲ್ಲಿ ಟೊಯೊಟಾದವರ ರಾವ್‌ಫೋರ್ ಬಂದ ಮೇಲೆ, ಕಾರಿನ ಒಡಲಿಗೆ ಜೀಪಿನ ನಿಲುವನ್ನು ಕೊಟ್ಟ ಈ ಮಿಶ್ರಜಾತಿಗೆ ಲೋಕದಲ್ಲೆಲ್ಲ ಮನ್ನಣೆ ದೊರೆಯಿತು. ನಮ್ಮ ದೇಶದಲ್ಲಿಯೂ 2014ರಲ್ಲಿ ಡಸ್ಟರ್, 2022ರಲ್ಲಿ ಗ್ರ್ಯಾಂಡ್ ವಿಟಾರ ಮುಂತಾದವು ನಾಲ್ಕು ಗಾಲಿಯ ರೂಪದಲ್ಲಿ ಬಂದವು.

ಇವುಗಳ ಒಳಗಿನ ವ್ಯವಸ್ಥೆ ಥೇಟು ಅವಿಭಕ್ತ ಕುಟುಂಬದ್ದು. ದಿನನಿತ್ಯದ ದುಡಿಮೆಯೆಲ್ಲ ಮುಂದಿನ ಎರಡು ಗಾಲಿಗಳದು. ಹಿಂದಿನವೆರಡು ತಮ್ಮಷ್ಟಕ್ಕೆ ಉರುಳಿಕೊಂಡು ಬರುತ್ತವೆ. ಎಂಜಿನಿನ ಬಳಿಯಿಂದ ಒಂದು ಉದ್ದನೆಯ ಶಾಫ್ಟು ಹಿಂದಕ್ಕೆ ಹೋಗುತ್ತದೆ. ಅದರ ತುದಿಯಲ್ಲಿ, ಹಿಂದಿನ ಡಿಫರೆನ್ಷಿಯಲ್ಲಿಗೆ ಮುಂಚೆ, ಕೂತಿರುವುದೇ ಕಪ್ಲಿಂಗ್. ಎಣ್ಣೆಯಲ್ಲಿ ಮುಳುಗಿದ ಹಲವು ತೆಳುಬಿಲ್ಲೆಗಳು ಅದರಲ್ಲಿರುತ್ತವೆ. ಒಂದೊಂದು ಗಾಲಿಯ ಬಳಿಯೂ ಅದರ ವೇಗವನ್ನು ಹೇಳುವ ಒಂದು ಸೆನ್ಸರು ಇರುತ್ತದೆ. ಮುಂದಿನ ಗಾಲಿ ಕೆಸರಿನಲ್ಲಿ ಬರಿದೇ ಗಿರಗಿರನೆ ತಿರುಗಿತೆಂದರೆ, ಗಣಕಯಂತ್ರವು ಅದನ್ನರಿತು, ಕಪ್ಲಿಂಗಿನ ವಿದ್ಯುತ್ಕಾಂತಕ್ಕೆ ಅಪ್ಪಣೆ ಕೊಡುತ್ತದೆ. ಬಿಲ್ಲೆಗಳು ಒಂದನ್ನೊಂದು ಬಿಗಿದಪ್ಪುತ್ತವೆ. ಬಲ ಹಿಂದಿನ ಗಾಲಿಗಳಿಗೂ ಹರಿಯುತ್ತದೆ. ಅಣ್ಣಂದಿರು ಜಾರಿದಾಗ ತಮ್ಮಂದಿರು ಹೆಗಲು ಕೊಡುವಂತೆ ಮಾಡುವ ಮನೆಯ ಹಿರಿಯಜ್ಜಿಯ ಕೆಲಸ ಈ ಕಪ್ಲಿಂಗಿನದು. ಅಜ್ಜಿಗೆ ತಲೆ ಬಿಸಿಯಾದರೆ ಅವಳು ಕೈಚೆಲ್ಲಿ ಕುಳಿತುಬಿಡುತ್ತಾಳೆ. ಆಗ ಹೊತ್ತುವುದೇ ಹಳದಿ ದೀಪ.

ಸರಿ, ಅಜ್ಜಿಯ ತಲೆ ಬಿಸಿಯಾದದ್ದೇಕೆ? ನಗರದ ಕಾರ್ಖಾನೆಯಲ್ಲಿ ಈ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ.

ಮುಂದಿನ ಭಾನುವಾರ ಹೊನ್ನಾಳಿಯಲ್ಲಿ ಬೀಗರ ಮನೆಯ ಗೃಹಪ್ರವೇಶ. ಸಪ್ಪೆಮೋರೆಯ ಮೇಷ್ಟ್ರನ್ನು ಊಟದ ಪಂಕ್ತಿಯಲ್ಲಿ ಕಂಡು ಬೀಗರು ಕಾರಣ ಕೇಳಿದರು. ತಿಳಿದ ಮೇಲೆ, “ನ್ಯಾಮತಿಯಲ್ಲಿ ಒಬ್ಬ ಮೇಸ್ತ್ರಿ ಇದ್ದಾನೆ. ಟ್ರ್ಯಾಕ್ಟರು, ಜೀಪು ಎಲ್ಲ ನೋಡುತ್ತಾನೆ. ಒಮ್ಮೆ ತೋರಿಸಿ, ಖರ್ಚೇನಿಲ್ಲ. ಹೇಗೂ ನಿಮ್ಮ ಅತ್ತೆಯ ಮನೆಯ ದಾರಿ” ಎಂದರು. ಊಟ ಮುಗಿಸಿ ದಂಪತಿಗಳು ನ್ಯಾಮತಿಗೆ ನಡೆದರು.

ಬೇವಿನ ಮರದ ಕೆಳಗಿನ ತಗಡಿನ ಮಾಡಿನಿಂದ ಎದ್ದುಬಂದ ನಡುವಯಸ್ಸಿನ ಮೇಸ್ತ್ರಿ, ಗಾಡಿಯನ್ನು ನೋಡುವ ಮೊದಲು ಮೇಷ್ಟ್ರ ಮುಖವನ್ನು ನೋಡಿ, ಎಣ್ಣೆಗೈಯನ್ನು ಹಿಂದಕ್ಕೆ ಹಿಡಿದು ಬಾಗಿದನು. “ಗುರುತು ಸಿಗಲಿಲ್ಲವೆ ಮೇಷ್ಟ್ರೇ? ಹತ್ತನೇ ಕ್ಲಾಸಿನಲ್ಲಿ ಕಡೇ ಬೆಂಚು. ಲೆಕ್ಕದಲ್ಲಿ ಎರಡು ಸಾರಿ ಹೋಯಿತು. ಮೂರನೇ ಸಾರಿ ನಾನೇ ಕಟ್ಟಲಿಲ್ಲ.”

ಮೇಷ್ಟ್ರಿಗೆ ಗುರುತು ಸಿಕ್ಕಿತು. ಅದರೊಡನೆ, ವೃತ್ತದ ಪರಿಧಿಯ ಲೆಕ್ಕ ತಪ್ಪಿದ್ದಕ್ಕಾಗಿ ಆ ಅಂಗೈಯ ಮೇಲೆ ತಾವು ಬೀಸಿದ ಬೆತ್ತದ ನೆನಪೂ ಬಂದಿತು. “ನಿನ್ನಿಂದ ಏನೂ ಆಗುವುದಿಲ್ಲ” ಎಂದು ಆ ದಿನ ಹೇಳಿದ್ದರೇ ಇಲ್ಲವೇ ಎಂಬುದು ಮಾತ್ರ ಸ್ಪಷ್ಟವಾಗಲಿಲ್ಲ. ಹೇಳಿದ್ದಿರಬೇಕೆಂಬ ಅಳುಕು ಉಳಿಯಿತು.

ಮೇಸ್ತ್ರಿ ಗಾಡಿಯ ಬಾನೆಟ್ಟನ್ನು ತೆರೆಯಲಿಲ್ಲ. ಒಂದು ಸ್ಟೂಲನ್ನು ಒರೆಸಿ ಮೇಷ್ಟ್ರನ್ನು ಕೂಡಿಸಿ, ತಾನು ಎದುರಿಗೆ ಕುಕ್ಕರುಗಾಲಿನಲ್ಲಿ ಕುಳಿತು ವಿಚಾರಿಸಲಾರಂಭಿಸಿದನು. ದೀಪ ಹೊತ್ತುವುದು ಗಾಡಿ ಹೊರಟಕೂಡಲೇ ಅಥವಾ ದೂರ ಓಡಿದ ಮೇಲೆಯೇ? ದೂರ ಓಡಿದ ಮೇಲೆ. ತೋಟಕ್ಕೆ ಹೋಗಿಬಂದರೆ? ಹೊತ್ತುವುದಿಲ್ಲ. ದಾವಣಗೆರೆಯ ರಸ್ತೆಯಲ್ಲಿ? ಅರ್ಧ ದಾರಿಯಲ್ಲಿ ಹೊತ್ತುತ್ತದೆ. ನಿಲ್ಲಿಸಿ ಕಾಫಿ ಕುಡಿದು ಹೊರಟರೆ? ಆರಿರುತ್ತದೆ. ಏನಾದರೂ ಸದ್ದುಂಟೇ? ಅಂಗಳದಲ್ಲಿ ಪೂರ್ತಿ ತಿರುಗಿಸುವಾಗ ಗಾಡಿ ಕುಪ್ಪಳಿಸಿದಂತಾಗುತ್ತದೆ.

“ಕೆಟ್ಟುಹೋದ ಸಾಮಾನಾದರೆ ತಣ್ಣಗಿದ್ದಾಗಲೂ ಕೆಟ್ಟೇ ಇರಬೇಕಲ್ಲ ಮೇಷ್ಟ್ರೇ? ಇದು ಬಿಸಿಯಾಗಿ ಕೈಬಿಡುತ್ತಿದೆ, ಆರಿದ ಮೇಲೆ ಮತ್ತೆ ಹಿಡಿಯುತ್ತಿದೆ. ಬಿಸಿ ಎಲ್ಲಿಂದ ಬಂತು ಅಂತ ನೋಡಬೇಕು. ಅದಿರಲಿ, ಈ ದೀಪ ಬರೋದಕ್ಕೆ ಮುಂಚೆ ಗಾಡಿಗೆ ಹೊಸದಾಗಿ ಏನು ಮಾಡಿಸಿದಿರಿ?”

“ಏನೂ ಇಲ್ಲವಪ್ಪ” ಎಂದರು ಮೇಷ್ಟ್ರು.

ಕಾರಿನೊಳಗೆ ಕುಳಿತಿದ್ದ ಮಡದಿ ಕಿಟಕಿಯಿಂದ ತಲೆ ಹೊರಗೆ ಹಾಕಿ, “ಏನೂ ಇಲ್ಲವೇ? ಜಗಳೂರಿನ ಹಾದಿಯಲ್ಲಿ ಕಲ್ಲಿಗೆ ಟೈರು ಸೀಳಿಹೋಗಿ ಹೊಸದು ಹಾಕಿಸಲಿಲ್ಲವೇ? ಆ ಗುಂಡಿಯ ವಿಚಾರವನ್ನೂ ಹೇಳಿಬಿಡಿ” ಎಂದರು.

ವೈದ್ಯನೆದುರು ರೋಗಿ ಮುಚ್ಚಿಡುವುದನ್ನು ಹೆಂಡತಿ ಬಿಚ್ಚಿಡುವುದು ಲೋಕಾರೂಢಿ. ಗುಂಡಿಯ ವಿಚಾರವೇನೆಂದರೆ, ಈ ಗಾಡಿಯಲ್ಲಿ ಒಂದು ತಿರುಗುಗುಂಡಿಯಿದ್ದಿತು. ಒಂದು ಗುರುತಿಗೆ ತಿರುಗಿಸಿದರೆ ಎರಡೇ ಗಾಲಿ. ಇನ್ನೊಂದಕ್ಕೆ ತಿರುಗಿಸಿದರೆ ಬೇಕಾದಾಗ ನಾಲ್ಕು. ಮೂರನೆಯದಕ್ಕೆ ತಿರುಗಿಸಿದರೆ ನಾಲ್ಕೂ ಬಿಗಿಯಾಗಿ ಕಟ್ಟಿದಂತೆ. ನಾಲ್ಕು ಗಾಲಿಗೆ ಹಣ ಕೊಟ್ಟ ಮೇಲೆ ಎರಡರಿಂದಲೇ ದುಡಿಸಿಕೊಳ್ಳುವುದು ಅಪವ್ಯಯವೆಂದು ಭಾವಿಸಿದ ಮೇಷ್ಟ್ರು, ಗಾಡಿ ಬಂದಂದಿನಿಂದ ಅದನ್ನು ಮೂರನೆಯ ಗುರುತಿನಲ್ಲಿಯೇ ಇಟ್ಟಿದ್ದರು!

ಮೇಸ್ತ್ರಿ ನಗಲಿಲ್ಲ. “ಆ ಕಟ್ಟು ಕೆಸರಿಗೆ, ಮರಳಿಗೆ ಮಾತ್ರ. ವೇಗ ಹೆಚ್ಚಾದರೆ ತಾನೇ ಬಿಟ್ಟುಕೊಳ್ಳುತ್ತದೆ, ಅದರಿಂದ ಇಷ್ಟು ದಿನ ಉಳಿದಿದೆ. ತಿರುವಿನಲ್ಲಿ ಮುಂದಿನ ಗಾಲಿ ದೊಡ್ಡ ಸುತ್ತು ಹಾಕುತ್ತದೆ, ಹಿಂದಿನದು ಚಿಕ್ಕ ಸುತ್ತು. ಎರಡನ್ನೂ ಕಟ್ಟಿಹಾಕಿದರೆ ಕೆಸರಿನಲ್ಲಿ ಜಾರಿ ಸರಿಹೋಗುತ್ತದೆ; ಒಣ ನೆಲದಲ್ಲಿ ಜಾರೋದಕ್ಕೆ ಜಾಗ ಎಲ್ಲಿ? ಅದಕ್ಕೇ ಕುಪ್ಪಳಿಸೋದು. ಇದು ಒಂದು ಕಾರಣ. ನೇರ ರಸ್ತೆಯಲ್ಲಿ ಬಿಸಿಯಾಗೋದಕ್ಕೆ ಇನ್ನೊಂದು ಇರಬೇಕು. ಬನ್ನಿ” ಎಂದು ಎದ್ದನು.

ಅವನು ನಾಲ್ಕು ಟೈರುಗಳ ಗಾಳಿಯನ್ನೂ ಅಳೆದು ಸರಿಮಾಡಿ, ಬಟನ್ನಿನ ಆಳವನ್ನು ಚಿಕ್ಕ ಅಳತೆಪಟ್ಟಿಯಿಂದ ನೋಡಿದನು. ಹಿಂದಿನ ಎಡಗಡೆಯ ಹೊಸ ಟೈರಿನಲ್ಲಿ 8 ಮಿಲಿಮೀಟರು. ಉಳಿದ ಮೂರರಲ್ಲಿ ಸುಮಾರು 3. ಅನಂತರ ಗಾಡಿಯನ್ನು ಸಮನಾದ ಬಯಲಿಗೆ ತಳ್ಳಿಸಿ, ಹಿಂದಿನ ಎರಡು ಗಾಲಿಗಳೂ ನೆಲ ಮುಟ್ಟಿರುವೆಡೆಯಲ್ಲಿ ಸೀಮೆಸುಣ್ಣದಿಂದ ಗೀಟೆಳೆದು, ಗೇರು ಬಿಡಿಸಿ, ಹುಡುಗರಿಂದ ನೆಟ್ಟಗೆ ಮುಂದಕ್ಕೆ ತಳ್ಳಿಸಿದನು. ಎಡಗಾಲಿಯ ಗೀಟು ಹತ್ತನೆಯ ಬಾರಿ ನೆಲ ಮುಟ್ಟಿದಾಗ “ನಿಲ್ಲಿಸಿ” ಎಂದನು. ಬಲಗಾಲಿಯ ಗೀಟು ನೆಲ ಮುಟ್ಟಿ, ದಾಟಿ, ಒಂದಡಿಯಷ್ಟು ಮುಂದೆ ಹೋಗಿದ್ದಿತು.

“ಈಗ ಲೆಕ್ಕ ನೀವು ಹೇಳಿ ಮೇಷ್ಟ್ರೇ.”

ಮೇಷ್ಟ್ರು ಜೇಬಿನಿಂದ ಲೇಖನಿ ತೆಗೆದು, ಗೃಹಪ್ರವೇಶದ ಆಹ್ವಾನಪತ್ರಿಕೆಯ ಬೆನ್ನಿಗೇ ಬರೆದರು. ತ್ರಿಜ್ಯದಲ್ಲಿ 5 ಮಿಲಿಮೀಟರು ವ್ಯತ್ಯಾಸ. ಪರಿಧಿಯಲ್ಲಿ ಅದು ಎರಡು ಸಲ 22/7 ಸಲ 5, ಎಂದರೆ 31 ಮಿಲಿಮೀಟರಿಗೆ ಮೇಲೆ. ಹತ್ತು ಸುತ್ತಿಗೆ 31 ಸೆಂಟಿಮೀಟರು, ಒಂದಡಿಯೇ ಸರಿ. ಗಾಲಿಯ ಪರಿಧಿ ಎರಡು ಮೀಟರಿಗೆ ತುಸು ಹೆಚ್ಚು. ಒಂದು ಕಿಲೋಮೀಟರಿಗೆ ಅದು ಸುಮಾರು 465 ಬಾರಿ ಸುತ್ತಬೇಕು. ಹೊಸ ಟೈರು ಮಾತ್ರ ಏಳು ಸುತ್ತು ಕಡಿಮೆ ಹಾಕುತ್ತದೆ. ನೂರು ಕಿಲೋಮೀಟರಿಗೆ ಏಳುನೂರು ಸುತ್ತು!

“ಅದರಲ್ಲಿ ಅರ್ಧವನ್ನು ಹಿಂದಿನ ಡಿಫರೆನ್ಷಿಯಲ್ ನುಂಗಿಕೊಳ್ಳುತ್ತದೆ, ಅದು ಇರೋದೇ ಅದಕ್ಕೆ. ಉಳಿದರ್ಧ ಕಪ್ಲಿಂಗಿನ ತಲೆಗೆ. ಗಣಕಕ್ಕೆ ಕಣ್ಣಿಲ್ಲ ಮೇಷ್ಟ್ರೇ, ಸುತ್ತು ಮಾತ್ರ ಗೊತ್ತು. ಹಿಂದಕ್ಕೂ ಮುಂದಕ್ಕೂ ವೇಗ ಹೊಂದದೆ ಹೋದರೆ ಗಾಲಿ ಜಾರುತ್ತಿದೆ ಅಂತ ತಿಳಿದು ಬಿಲ್ಲೆಗಳನ್ನು ಬಿಗಿಯುತ್ತದೆ. ಒಣ ರಸ್ತೆಯಲ್ಲಿ ಗಂಟೆಗಟ್ಟಲೆ ಉಜ್ಜಿ ಉಜ್ಜಿ ಬಿಸಿ.”

ಅಷ್ಟಕ್ಕೇ ಅವನು ತೀರ್ಪು ಕೊಡಲಿಲ್ಲ. ಅವನ ಹುಡುಗನು ತನ್ನ ಮೊಬೈಲಿಗೆ ಸೇರಿಸಿದ ಪುಟ್ಟ ಯಂತ್ರದಿಂದ ಸಂಕೇತವನ್ನು ಓದಿದನು. ನಗರದ ತರುಣನು ಓದಿದ್ದೇ ಅದು, ಕಪ್ಲಿಂಗ್ ಅತಿಯಾಗಿ ಬಿಸಿಯಾಗಿದೆ ಎಂದು. ಸಂಕೇತವು ಸುಳ್ಳಾಡಿರಲಿಲ್ಲ. ಅದು ಸಾಕ್ಷಿ ಹೇಳಿತ್ತು. ನಗರದಲ್ಲಿ ಸಾಕ್ಷಿಯ ಮಾತನ್ನೇ ತೀರ್ಪೆಂದು ತಿಳಿದಿದ್ದರು, ಅಷ್ಟೆ. ಮೇಸ್ತ್ರಿ ಗಾಡಿಯ ಕೆಳಗೆ ನುಸುಳಿ, ಗಾಲಿಗಳ ಸೆನ್ಸರುಗಳ ತಂತಿಯನ್ನು ಇಲಿ ಕಡಿದಿದೆಯೇ ಎಂದು ನೋಡಿದನು. ಉದ್ದನೆಯ ಶಾಫ್ಟಿನ ಕೀಲುಗಳನ್ನು ಅಲ್ಲಾಡಿಸಿದನು. ಬ್ಯಾಟರಿಯ ಬಲವನ್ನು ಪರೀಕ್ಷಿಸಿದನು, ಏಕೆಂದರೆ ಬ್ಯಾಟರಿ ಸೋತಿದ್ದರೂ ಇಲ್ಲದ ದೀಪಗಳೆಲ್ಲ ಹೊತ್ತುವುದುಂಟು. ಕಡೆಗೆ ಹಿಂದಿನ ಎಣ್ಣೆಯನ್ನು ಇಳಿಸಿ ಬೆರಳ ನಡುವೆ ಉಜ್ಜಿ ಮೂಸಿದನು. ಕಪ್ಪಾಗಿತ್ತು, ಸ್ವಲ್ಪ ಸುಟ್ಟ ವಾಸನೆಯಿತ್ತು; ಆದರೆ ಲೋಹದ ಚೂರುಗಳಿರಲಿಲ್ಲ.

“ಬಿಲ್ಲೆ ಸ್ವಲ್ಪ ಸವೆದಿದೆ, ಸುಳ್ಳು ಹೇಳೋದಿಲ್ಲ. ಮುಂದೆ ಎಂದಾದರೂ ಕೆಲಸ ಕೊಟ್ಟೀತು. ಇವತ್ತು ಬದಲಾಯಿಸಬೇಕಾದ್ದಿಲ್ಲ. ಇದಕ್ಕೆಂದೇ ಹೇಳಿರುವ ಎಣ್ಣೆಯನ್ನೇ ಹಾಕುತ್ತೇನೆ. ಈಗ ಗುಂಡಿಯನ್ನು ಎರಡು ಗಾಲಿಗೆ ತಿರುಗಿಸಿ ಚನ್ನಗಿರಿಗೆ ಹೋಗಿ. ದೀಪ ಬರಬಾರದು. ಆಮೇಲೆ ನಾಲ್ಕು ಟೈರೂ ಒಂದೇ ಕಂಪನಿಯದು, ಒಂದೇ ಅಳತೆಯದು ಹಾಕಿಸಿ, ಗುಂಡಿಯನ್ನು ನಡುವಿನ ಗುರುತಿಗೆ ಇಟ್ಟು ದಾವಣಗೆರೆಗೆ ಹೋಗಿಬನ್ನಿ. ಆಗಲೂ ಬರದಿದ್ದರೆ ರೋಗ ಇದೇ ಅಂತ ಅರ್ಥ. ಬಂದರೆ ನಾನು ತಪ್ಪಿದೆ ಅಂತ ಅರ್ಥ, ವಾಪಸು ಬನ್ನಿ. ಇನ್ನೊಂದು ಮಾತು. ಎಲ್ಲಾದರೂ ಕೆಟ್ಟುನಿಂತರೆ ಎರಡು ಗಾಲಿ ಎತ್ತಿ ಎಳೆಸಬೇಡಿ. ನಾಲ್ಕನ್ನೂ ಲಾರಿಯ ಮೇಲೆ ಹೇರಿಸಿ.”

ಒಮ್ಮೆಗೆ ಒಂದನ್ನೇ ಬದಲಾಯಿಸಿ ಫಲವನ್ನು ನೋಡುವುದು, ಫಲ ಬಾರದಿದ್ದರೆ ತನ್ನ ಊಹೆಯನ್ನೇ ಬಿಡಲು ಸಿದ್ಧನಿರುವುದು—ಮೂವತ್ತು ವರ್ಷ ಪಾಠ ಹೇಳಿದ ಮೇಷ್ಟ್ರಿಗೆ ಇದು ವಿಜ್ಞಾನದ ಮೊದಲ ಪಾಠವೆಂಬುದು ತಿಳಿಯದೆ ಹೋಗಲಿಲ್ಲ. ಕಡೆಯ ಬೆಂಚಿನಲ್ಲಿ ಕುಳಿತಿದ್ದವನು ಅದನ್ನು ಯಾವ ಶಾಲೆಯಲ್ಲಿ ಕಲಿತನೋ!

“ಈ ಪರಿಧಿಯ ಲೆಕ್ಕ...” ಎಂದು ಮೇಷ್ಟ್ರು ತಡವರಿಸಿದರು.

“ನೀವೇ ಹೇಳಿಕೊಟ್ಟದ್ದು ಮೇಷ್ಟ್ರೇ. ಆಗ ಯಾತಕ್ಕೆ ಅಂತ ಗೊತ್ತಿರಲಿಲ್ಲ, ಅದಕ್ಕೇ ತಪ್ಪುತ್ತಿತ್ತು” ಎಂದು ಅವನು ಕೈ ಒರೆಸಿಕೊಂಡನು. ಎಣ್ಣೆಯ ಬೆಲೆಯ ಮೇಲೆ ಅವನು ತೆಗೆದುಕೊಂಡದ್ದು ಹುಡುಗರ ಕಾಫಿಯ ಹಣ ಮಾತ್ರ.

ದೀಪ ಚನ್ನಗಿರಿಯವರೆಗೆ ಹೊತ್ತಲಿಲ್ಲ. ನಾಲ್ಕು ಟೈರುಗಳಿಗೆ ಹಣ ಖರ್ಚಾಯಿತು ನಿಜ, ಆದರೆ ನಗರದಲ್ಲಿ ಹೇಳಿದ ಮೊತ್ತದ ಮೂರರಲ್ಲೊಂದು ಪಾಲೂ ಆಗಲಿಲ್ಲ. ದಾವಣಗೆರೆಗೆ ಹೋಗಿಬಂದರೂ ಹೊತ್ತಲಿಲ್ಲ. ಹಬ್ಬದ ಹಿಂದಿನ ದಿನ ಹುಬ್ಬೆಯ ಮಳೆ ಹಿಡಿದುಕೊಂಡಿತು. ಜಗಳೂರಿನಾಚೆ, ಡಾಂಬರು ಮುಗಿದು ಮಗಳ ಹಳ್ಳಿಯ ಎರೆದಾರಿ ತೊಡಗುವಲ್ಲಿ, ಒಂದು ಟೆಂಪೋ ಆಗಲೇ ಹೂತುಹೋಗಿ ನಿಂತಿದ್ದಿತು. ಮೇಷ್ಟ್ರು ಗುಂಡಿಯನ್ನು ಮೂರನೆಯ ಗುರುತಿಗೆ ತಿರುಗಿಸಿದರು. ಆ ಗುರುತು ಯಾತಕ್ಕೆಂದು ಈಗ ಅವರಿಗೆ ಗೊತ್ತಿದ್ದಿತು. ಮುಂದಿನ ಗಾಲಿಗಳು ಒಂದು ಕ್ಷಣ ಜಾರಿದವು, ಹಿಂದಿನವು ಹಿಡಿದವು, ಗಾಡಿ ಅಡ್ಡಡ್ಡ ಓಲಾಡುತ್ತ, ಆದರೆ ನಿಲ್ಲದೆ, ಊರ ಮುಂದಿನ ಕಟ್ಟೆಯನ್ನು ಮುಟ್ಟಿತು. ಸಂಜೆ ಅದೇ ದಾರಿಯಲ್ಲಿ ಮಗಳನ್ನು ಹಿಂದಿನ ಸೀಟಿನಲ್ಲಿ ತಾಯಿಯ ತೋಳಿಗೊರಗಿಸಿ, ಎತ್ತಿನ ನಡಿಗೆಯಲ್ಲಿ ಹೊರತಂದರು.

ನಮ್ಮ ವೈದ್ಯಶಾಸ್ತ್ರದಲ್ಲಿ ರೋಗದ ಮೂಲವನ್ನರಿಯುವುದಕ್ಕೆ ‘ನಿದಾನ’ ಎಂದು ಹೆಸರು. ಅದಕ್ಕಾಗಿಯೇ ‘ಮಾಧವನಿದಾನ’ವೆಂಬ ಗ್ರಂಥವುಂಟು. ದಕಾರಕ್ಕೆ ಒತ್ತು ಬಂದರೆ ಅದು ‘ನಿಧಾನ’ವಾಗುತ್ತದೆ, ಕನ್ನಡದಲ್ಲಿ ತಾಳ್ಮೆಯೆಂದು ಅರ್ಥ. ಮಕ್ಕಳು ಕಾಗುಣಿತ ತಪ್ಪಿ ಒಂದರ ಬದಲು ಇನ್ನೊಂದನ್ನು ಬರೆದರೆ ಅಂಕ ಕಳೆಯುವುದು ಪದ್ಧತಿ. ಆದರೆ ಯಂತ್ರಕ್ಕಾಗಲಿ ದೇಹಕ್ಕಾಗಲಿ ಸಂಸಾರಕ್ಕಾಗಲಿ, ನಿಧಾನವಿಲ್ಲದ ನಿದಾನವಿಲ್ಲ. ಕೆಟ್ಟದ್ದನ್ನು ಕಿತ್ತು ಹೊಸದು ಹಾಕುವುದಕ್ಕೆ ಹತ್ತು ನಿಮಿಷದ ಯೋಚನೆ ಸಾಕು. ಕೆಟ್ಟದ್ದೇಕೆಂದು ಕೇಳುವುದಕ್ಕೆ ಎದುರಿಗೆ ಕುಕ್ಕರುಗಾಲಿನಲ್ಲಿ ಕೂರುವಷ್ಟು ವ್ಯವಧಾನ ಬೇಕು. ಕಾರಣ ಅಲ್ಲಿಯೇ ಉಳಿದಿದ್ದರೆ ಹೊಸ ಕಪ್ಲಿಂಗೂ ಆ ಒಂದು ಟೈರಿನ ಏಳು ಸುತ್ತಿಗೆ ಬಲಿಯಾಗುತ್ತಿತ್ತೆಂಬುದರಲ್ಲಿ ಸಂದೇಹವಿಲ್ಲ.

ಮಗಳಿಗೆ ಹೆಣ್ಣುಮಗುವಾಯಿತು. ನಾಮಕರಣಕ್ಕೆ ಬಂದ ಮೇಸ್ತ್ರಿಯನ್ನು ಮೇಷ್ಟ್ರು ಒಳಗೆ ಕರೆದು, ತಮ್ಮ ಪಕ್ಕದ ಎಲೆಗೇ ಕೂಡಿಸಿಕೊಂಡರು. ಮಗು ಅಂದು ಒಂದೇ ಸಮನೆ ಅಳುತ್ತಿದ್ದಿತು. ಒಬ್ಬರು ದೃಷ್ಟಿಯೆಂದರು, ಒಬ್ಬರು ಹೊಟ್ಟೆನೋವೆಂದರು, ಒಬ್ಬರು ಡಾಕ್ಟರನ್ನು ಕರೆಸಿರೆಂದರು. ಮೇಷ್ಟ್ರ ಮಡದಿ ಎಲ್ಲರನ್ನೂ ಸುಮ್ಮನಿರಿಸಿ, “ಮೊದಲು, ಬೆಳಗಿನಿಂದ ಹೊಸದಾಗಿ ಏನು ಮಾಡಿದಿರಿ ಹೇಳಿ” ಎಂದು ಕೇಳಿದರು. ಹೊಸ ಜರಿಯಂಗಿ ತೊಡಿಸಿದ್ದರು. ಅದನ್ನು ಬಿಚ್ಚಿ ಹಳೆಯ ಬಟ್ಟೆ ಸುತ್ತಿದೊಡನೆ ಮಗು ನಿದ್ದೆಹೋಯಿತು.